ಶಾಲೆಯಿಂದ ಮತಗಟ್ಟೆಯವರೆಗೆ: ಮಾರ್ಗರೆಟ್ ಕಸಿನ್ಸ್ ಅವರ ಜೀವನ

ಪೀಠಿಕೆ

ಚುನಾವಣೆಯ ದಿನ ಮೆಟ್ಟೂರು, ಕೊಳತ್ತೂರು, ಪೆನ್ನಾಗರ ಸುತ್ತಿನ ಶಾಲೆಗಳು ಮತಗಟ್ಟೆಗಳಾಗುತ್ತವೆ. ಮಕ್ಕಳು ಕುಳಿತುಕೊಳ್ಳುವ ಬೆಂಚುಗಳು ಗೋಡೆಯ ಪಕ್ಕಕ್ಕೆ ಸರಿಯುತ್ತವೆ. ಕಪ್ಪುಹಲಗೆಯ ಮುಂದೆ ಮತಯಂತ್ರಕ್ಕೆ ಮರೆ ಸಿದ್ಧವಾಗುತ್ತದೆ. ಮತದಾರರ ಪಟ್ಟಿಯನ್ನು ಮುಂದಿಟ್ಟುಕೊಂಡು ಹೆಸರು ಗುರುತಿಸುವವರಲ್ಲಿ ಬಹುಮಂದಿ ಶಿಕ್ಷಕರೇ. ಹೊರಗೆ ಗಂಡಸರದೊಂದು ಸಾಲು, ಹೆಂಗಸರದೊಂದು ಸಾಲು. ಮರುದಿನ ಶಾಲೆಗೆ ಬರುವ ಮಗು ತನ್ನ ಅಜ್ಜಿಯ ಬೆರಳಿನ ಮಸಿಯ ಗುರುತನ್ನು ನೋಡಿರುತ್ತದೆ. ಆದರೆ ಆ ಗುರುತು ಅಜ್ಜಿಯ ಬೆರಳಿಗೆ ಹೇಗೆ ಬಂದಿತು, ಅದಕ್ಕಾಗಿ ಯಾರು ಕೇಳಿದರು, ಯಾರು ಸೆರೆಮನೆಗೆ ಹೋದರು ಎಂಬುದನ್ನು ಮಗು ಅರಿಯದು.

ಸ್ತ್ರೀಯರ ಮತದಾನದ ಹಕ್ಕು ಪಠ್ಯಪುಸ್ತಕಗಳಲ್ಲಿ ಸಾಮಾನ್ಯವಾಗಿ ಒಂದೆರಡು ವಾಕ್ಯಗಳಲ್ಲಿ ಮುಗಿಯುವ ವಿಷಯ. ಅದು ಸಂವಿಧಾನದೊಡನೆ ತಾನಾಗಿ ಬಂದಿತೆಂಬ ಭಾವನೆ ವಿದ್ಯಾರ್ಥಿಗಳಲ್ಲಿ ಉಳಿಯುತ್ತದೆ. ವಾಸ್ತವದಲ್ಲಿ ಆ ಬೇಡಿಕೆ ಮದ್ರಾಸ್ ಪ್ರಾಂತದಲ್ಲಿ, ಹೆಣ್ಣುಮಕ್ಕಳ ಶಾಲೆಗಳನ್ನು ಕುರಿತು ನಡೆದ ಮಾತುಕತೆಯ ನಡುವೆ ರೂಪುಗೊಂಡಿತು. ಅದನ್ನು ಬರೆದಿಟ್ಟವರು ಒಬ್ಬ ಶಿಕ್ಷಕಿ. ಕನ್ನಡ ನಾಡಿನ ಮಂಗಳೂರಿನಲ್ಲಿ ಒಂದು ಬಾಲಿಕಾ ಶಾಲೆಯ ಮೊದಲ ಮುಖ್ಯಸ್ಥೆಯಾಗಿದ್ದ ಮಾರ್ಗರೆಟ್ ಕಸಿನ್ಸ್ ಅವರ ಜೀವನವನ್ನು ಈ ಲೇಖನದಲ್ಲಿ ಪರಿಚಯಿಸಲಾಗಿದೆ. ಪ್ರೌಢಶಾಲೆಯ ಸಮಾಜ ವಿಜ್ಞಾನ ಮತ್ತು ಕನ್ನಡ ಪಾಠಗಳೆರಡರಲ್ಲಿಯೂ ಇದನ್ನು ಬಳಸಿಕೊಳ್ಳಬಹುದು.

ಪಾಠದ ಉದ್ದೇಶಗಳು

1. ಮತದಾನದ ಹಕ್ಕು ಹಂತಹಂತವಾಗಿ, ಬೇಡಿಕೆಯ ಫಲವಾಗಿ ಬಂದುದೆಂಬುದನ್ನು ವಿದ್ಯಾರ್ಥಿಗಳು ತಿಳಿಯುವರು.
2. ಶಿಕ್ಷಣಕ್ಕೂ ಮತದಾನದ ಹಕ್ಕಿಗೂ ಇರುವ ಸಂಬಂಧವನ್ನು ಗುರುತಿಸುವರು.
3. ಅಕ್ಷರವನ್ನೇ ಹಕ್ಕಿನ ಷರತ್ತಾಗಿಸಿದರೆ ಅಲ್ಪಸಂಖ್ಯಾತ ಭಾಷೆಯ ಜನರಿಗೆ ಏನಾಗುತ್ತದೆ ಎಂಬುದನ್ನು ವಿಚಾರ ಮಾಡುವರು.

ಐರ್ಲೆಂಡಿನ ಸಂಗೀತ ಶಿಕ್ಷಕಿ

ಮಾರ್ಗರೆಟ್ ಗಿಲೆಸ್ಪಿ 1878ರ ನವೆಂಬರ್ 7ರಂದು ಐರ್ಲೆಂಡಿನ ಬಾಯ್ಲ್ ಎಂಬ ಸಣ್ಣ ಊರಿನಲ್ಲಿ ಜನಿಸಿದರು. ದೊಡ್ಡ ಸಂಸಾರದ ಹಿರಿಯ ಮಗಳು. ಡಬ್ಲಿನ್ ನಗರದಲ್ಲಿ ಸಂಗೀತವನ್ನು ಅಭ್ಯಾಸ ಮಾಡಿ 1902ರಲ್ಲಿ ಸಂಗೀತದ ಪದವಿ ಪಡೆದರು; ಸಂಗೀತ ಶಿಕ್ಷಕಿಯಾದರು. 1903ರಲ್ಲಿ ಕವಿಯೂ ಶಿಕ್ಷಕರೂ ಆದ ಜೇಮ್ಸ್ ಕಸಿನ್ಸ್ ಅವರನ್ನು ವಿವಾಹವಾದರು.

ಆ ಕಾಲದ ಐರ್ಲೆಂಡ್ ಬ್ರಿಟಿಷರ ಆಳ್ವಿಕೆಯಲ್ಲಿತ್ತು. ಬ್ರಿಟನ್ನಿನಲ್ಲಿಯಾಗಲಿ ಐರ್ಲೆಂಡಿನಲ್ಲಿಯಾಗಲಿ ಪಾರ್ಲಿಮೆಂಟಿನ ಚುನಾವಣೆಯಲ್ಲಿ ಸ್ತ್ರೀಯರಿಗೆ ಮತವಿರಲಿಲ್ಲ. 1908ರಲ್ಲಿ ಹನ್ನಾ ಶೀಹಿ ಸ್ಕೆಫಿಂಗ್ಟನ್ ಎಂಬ ಗೆಳತಿಯೊಡನೆ ಸೇರಿ ಮಾರ್ಗರೆಟ್ ಐರಿಷ್ ಸ್ತ್ರೀಯರ ಮತಾಧಿಕಾರ ಸಂಘವನ್ನು ಕಟ್ಟಿದರು. 1910ರಲ್ಲಿ ಲಂಡನ್ನಿನ ಪ್ರತಿಭಟನೆಯಲ್ಲಿ ಪಾಲ್ಗೊಂಡು ಒಂದು ತಿಂಗಳು ಹಾಲೋವೇ ಸೆರೆಮನೆಯಲ್ಲಿದ್ದರು. 1913ರ ಆರಂಭದಲ್ಲಿ ಡಬ್ಲಿನ್ನಿನ ಸರ್ಕಾರಿ ಕೋಟೆಯ ಕಿಟಕಿಗಾಜುಗಳನ್ನು ಒಡೆದ ಕಾರಣಕ್ಕೆ ಮತ್ತೆ ಸೆರೆಯಾದರು. ರಾಜಕೀಯ ಕೈದಿಗಳಾಗಿ ತಮ್ಮನ್ನು ನಡೆಸಿಕೊಳ್ಳಬೇಕೆಂದು ಟಲ್ಲಮೋರ್ ಸೆರೆಮನೆಯಲ್ಲಿ ಉಪವಾಸ ಹೂಡಿದರು.

ಈ ಕೋಪಕ್ಕೆ ಒಂದು ಕಾರಣವಿತ್ತು. ಆಗ ಐರ್ಲೆಂಡಿಗೆ ಸ್ವಯಮಾಡಳಿತ ಕೊಡುವ ಮಸೂದೆಯೊಂದು ಪಾರ್ಲಿಮೆಂಟಿನ ಮುಂದಿತ್ತು. ಅದರಲ್ಲಿ ಸ್ತ್ರೀಯರ ಮತಕ್ಕೆ ಸ್ಥಳವಿರಲಿಲ್ಲ. ನಾಡು ತನ್ನನ್ನು ತಾನೇ ಆಳಿಕೊಳ್ಳುವ ಹೊತ್ತಿನಲ್ಲಿ ಅರ್ಧದಷ್ಟು ಜನರು ಹೊರಗುಳಿಯುವರೆಂಬುದು ಮಾರ್ಗರೆಟ್ ಅವರಿಗೆ ಅಲ್ಲಿ ತಟ್ಟಿದ ಸತ್ಯ. ನಾಲ್ಕೈದು ವರ್ಷಗಳ ತರುವಾಯ ಭಾರತದಲ್ಲಿ ಅವರು ಕೈಗೊಂಡ ಕೆಲಸವನ್ನು ಅರ್ಥಮಾಡಿಕೊಳ್ಳಲು ಈ ಹಿನ್ನೆಲೆ ಅಗತ್ಯ.

ಮದನಪಲ್ಲಿಯ ದಿನಗಳು

1915ರಲ್ಲಿ ಕಸಿನ್ಸ್ ದಂಪತಿಗಳು ಭಾರತಕ್ಕೆ ಬಂದರು. ಜೇಮ್ಸ್ ಅವರು ಮೊದಲಿಗೆ ಅನಿಬೆಸೆಂಟರ 'ನ್ಯೂ ಇಂಡಿಯಾ' ಪತ್ರಿಕೆಯಲ್ಲಿ, ಬಳಿಕ ಮದನಪಲ್ಲಿಯ ಥಿಯಾಸಫಿಕಲ್ ಕಾಲೇಜಿನಲ್ಲಿ ಕೆಲಸ ಮಾಡಿದರು. ಮಾರ್ಗರೆಟ್ ಅವರೂ ಅಲ್ಲಿ ಪಾಠ ಹೇಳಿದರು. ಜೊತೆಗೆ ಊರಿನ ಸ್ತ್ರೀಯರನ್ನು ವಾರಕ್ಕೊಮ್ಮೆ ಕೂಡಿಸಿ 'ಅಬಲಾ ಅಭಿವರ್ಧಿನೀ ಸಮಾಜ' ಎಂಬ ಒಂದು ಕೂಟವನ್ನು ಆರಂಭಿಸಿದರು. ಮನೆಯಿಂದ ಹೊರಗೆ ಸೇರಿ ತಮ್ಮ ವಿಷಯವನ್ನು ತಾವೇ ಮಾತನಾಡುವ ಅಭ್ಯಾಸ ಅಲ್ಲಿ ಬೆಳೆಯಿತು.

ವಿದ್ಯಾರ್ಥಿಗಳಿಗೆ ಮದನಪಲ್ಲಿಯ ಹೆಸರನ್ನು ನೆನಪಿನಲ್ಲಿ ನಿಲ್ಲಿಸಲು ಒಂದು ಸಂಗತಿಯನ್ನು ಹೇಳಬಹುದು. 1919ರ ಫೆಬ್ರವರಿಯಲ್ಲಿ ರವೀಂದ್ರನಾಥ ಠಾಕೂರರು ಆ ಕಾಲೇಜಿಗೆ ಬಂದಿದ್ದರು. 'ಜನಗಣಮನ' ಗೀತೆಯನ್ನು ಅವರು ಅಲ್ಲಿ ಹಾಡಿದರು. ಅದರ ಇಂಗ್ಲಿಷ್ ಅನುವಾದವನ್ನೂ ಅಲ್ಲಿಯೇ ಸಿದ್ಧಪಡಿಸಿದರು. ಆ ಗೀತೆಯ ಧಾಟಿಯನ್ನು ಸ್ವರಲಿಪಿಯಲ್ಲಿ ಬರೆದಿಟ್ಟವರು ಸಂಗೀತ ಶಿಕ್ಷಕಿಯಾದ ಮಾರ್ಗರೆಟ್ ಕಸಿನ್ಸ್. ಶಾಲೆಯ ಅಂಗಳದಲ್ಲಿ ಮಕ್ಕಳು ಹಾಡುವ ರಾಷ್ಟ್ರಗೀತೆಯ ಚರಿತ್ರೆಯಲ್ಲಿ ಹೀಗೆ ಒಬ್ಬ ಶಿಕ್ಷಕಿಯ ಕೈಬರಹವೂ ಸೇರಿದೆ.

ಶಿಕ್ಷಣದ ಮನವಿ ಮತದ ಮನವಿಯಾದ ಬಗೆ

1917ರ ಮೇ 8ರಂದು ಮದ್ರಾಸಿನ ಅಡ್ಯಾರಿನಲ್ಲಿ ಭಾರತೀಯ ಸ್ತ್ರೀಯರ ಸಂಘ ಸ್ಥಾಪನೆಯಾಯಿತು. ಅನಿಬೆಸೆಂಟ್ ಅದರ ಅಧ್ಯಕ್ಷರು. ಡೊರೊತಿ ಜಿನರಾಜದಾಸ ಮತ್ತು ಮಾರ್ಗರೆಟ್ ಕಸಿನ್ಸ್ ಅದನ್ನು ಕಟ್ಟಿ ನಡೆಸಿದವರಲ್ಲಿ ಮುಖ್ಯರು. ಅದೇ ವರ್ಷ ಆಗಸ್ಟ್ 20ರಂದು ಭಾರತ ಮಂತ್ರಿ ಮಾಂಟೆಗೂ ಅವರು ಭಾರತೀಯರಿಗೆ ಹಂತಹಂತವಾಗಿ ಜವಾಬ್ದಾರಿ ಸರ್ಕಾರವನ್ನು ಕೊಡುವುದಾಗಿ ಘೋಷಿಸಿದರು. ಜನರ ಅಭಿಪ್ರಾಯ ಕೇಳಲು ಅವರೇ ಭಾರತಕ್ಕೆ ಬಂದರು.

ಮಾರ್ಗರೆಟ್ ಅವರು ಮಾಂಟೆಗೂ ಅವರ ಭೇಟಿಗೆ ಅವಕಾಶ ಕೋರಿ ಪತ್ರ ಬರೆದರು. ಹೆಣ್ಣುಮಕ್ಕಳ ವಿದ್ಯಾಭ್ಯಾಸದ ಅಗತ್ಯಗಳನ್ನು ಮುಂದಿಡುವುದು ಆ ಪತ್ರದ ಉದ್ದೇಶ. ಮಂತ್ರಿಗಳು ರಾಜಕೀಯ ವಿಷಯಗಳನ್ನು ತಂದ ನಿಯೋಗಗಳನ್ನು ಮಾತ್ರ ಭೇಟಿ ಮಾಡುವರೆಂಬ ಉತ್ತರ ಬಂದಿತು. ಶಾಲೆ ರಾಜಕೀಯ ವಿಷಯವಲ್ಲ ಎಂಬುದು ಆ ಉತ್ತರದ ಅರ್ಥ.

ಈ ಉತ್ತರವೇ ತಿರುವಿಗೆ ಕಾರಣವಾಯಿತು. ಶಾಲೆಗೆ ಹಣ ಕೊಡುವವರು, ಕಾಯಿದೆ ಮಾಡುವವರು, ಶಿಕ್ಷಕಿಯರನ್ನು ನೇಮಿಸುವವರು ಶಾಸನಸಭೆಯಲ್ಲಿ ಕುಳಿತವರು. ಅವರನ್ನು ಆರಿಸುವಲ್ಲಿ ತಾಯಂದಿರಿಗೆ ಪಾಲಿಲ್ಲದಿದ್ದರೆ ಹೆಣ್ಣುಮಕ್ಕಳ ಶಾಲೆಯ ಮಾತನ್ನು ಕೇಳುವವರು ಯಾರು? ಮಾರ್ಗರೆಟ್ ಅವರು ಮನವಿಯನ್ನು ಹೊಸದಾಗಿ ಬರೆದರು. ಜನರು ಎಂದು ಹೇಳುವಾಗ ಅದರಲ್ಲಿ ಸ್ತ್ರೀಯರೂ ಸೇರಬೇಕು. ಪುರುಷರಿಗೆ ಯಾವ ಷರತ್ತಿನ ಮೇಲೆ ಮತ ಕೊಡುವರೋ ಅದೇ ಷರತ್ತಿನ ಮೇಲೆ ಸ್ತ್ರೀಯರಿಗೂ ಕೊಡಬೇಕು ಎಂಬ ಕೋರಿಕೆ ಅದರಲ್ಲಿತ್ತು. ಶಿಕ್ಷಣದ ಕೋರಿಕೆಯನ್ನೂ ಅವರು ಕೈಬಿಡಲಿಲ್ಲ. 1917ರ ಡಿಸೆಂಬರ್ ತಿಂಗಳಲ್ಲಿ ಸರೋಜಿನಿ ನಾಯ್ಡು ಅವರ ನೇತೃತ್ವದಲ್ಲಿ ಸ್ತ್ರೀಯರ ನಿಯೋಗವೊಂದು ಮದ್ರಾಸಿನಲ್ಲಿ ಮಾಂಟೆಗೂ ಮತ್ತು ವೈಸ್‌ರಾಯ್ ಚೆಲ್ಮ್ಸ್‌ಫರ್ಡ್ ಅವರನ್ನು ಕಂಡು ಮನವಿ ಸಲ್ಲಿಸಿತು. ಭಾರತದ ಸ್ತ್ರೀಯರು ಸಂಘಟಿತರಾಗಿ ಮತಾಧಿಕಾರವನ್ನು ಕೇಳಿದ ಮೊದಲ ಸಂದರ್ಭವದು.

ಶಿಕ್ಷಕರು ಈ ಘಟ್ಟದಲ್ಲಿ ತುಸು ನಿಲ್ಲಬೇಕು. ಮತದ ಬೇಡಿಕೆ ಶಾಲೆಯ ಬೇಡಿಕೆಯಿಂದ ಹುಟ್ಟಿತೆಂಬುದೇ ಈ ಪಾಠದ ತಿರುಳು. ವಿದ್ಯಾರ್ಥಿಗಳಿಗೆ ಈ ಪ್ರಶ್ನೆ ಕೇಳಬಹುದು: "ನಮ್ಮ ಶಾಲೆಗೆ ಒಂದು ಕೊಠಡಿ ಬೇಕಾದರೆ ಯಾರನ್ನು ಕೇಳಬೇಕು? ಆ ಯಾರು ಎಂಬವರನ್ನು ಆರಿಸಿದವರು ಯಾರು?"

ಮಂಗಳೂರಿನ ಬಾಲಿಕಾ ಶಾಲೆ

1919-20ರ ಅವಧಿಯಲ್ಲಿ ಮಾರ್ಗರೆಟ್ ಕಸಿನ್ಸ್ ಅವರು ಮಂಗಳೂರಿನ ರಾಷ್ಟ್ರೀಯ ಬಾಲಿಕಾ ಶಾಲೆಯ ಮೊದಲ ಮುಖ್ಯಸ್ಥೆಯಾಗಿದ್ದರು. ದಕ್ಷಿಣ ಕನ್ನಡವು ಆಗ ಮದ್ರಾಸ್ ಪ್ರಾಂತದ ಜಿಲ್ಲೆ. ಕಾಸರಗೋಡು ಆ ಜಿಲ್ಲೆಯೊಳಗಿತ್ತು. ಬಳ್ಳಾರಿಯೂ ಮದ್ರಾಸ್ ಪ್ರಾಂತಕ್ಕೆ ಸೇರಿತ್ತು. ಕೊಳ್ಳೇಗಾಲ ಕೊಯಮತ್ತೂರು ಜಿಲ್ಲೆಯಲ್ಲಿತ್ತು. ಇಂದಿನ ಧರ್ಮಪುರಿ, ಹೊಸೂರು ಪ್ರದೇಶಗಳು ಸೇಲಂ ಜಿಲ್ಲೆಯ ಭಾಗಗಳಾಗಿದ್ದವು. ಹೀಗೆ ಕನ್ನಡ ಮಾತನಾಡುವ ಅನೇಕ ಪ್ರದೇಶಗಳಿಗೂ ಮೆಟ್ಟೂರಿನ ಸುತ್ತಿನ ಊರುಗಳಿಗೂ ಕಾಯಿದೆ ಮಾಡುವ ಸಭೆ ಒಂದೇ ಆಗಿತ್ತು. ಈ ಭೂಪಟವನ್ನು ತರಗತಿಯಲ್ಲಿ ತೋರಿಸಿದರೆ ಮುಂದಿನ ಘಟನೆಗಳು ದೂರದ ಕಥೆಯಾಗಿ ತೋರುವುದಿಲ್ಲ.

ಮಾರ್ಗರೆಟ್ ಅವರು ಮಂಗಳೂರಿನಲ್ಲಿ ಪಾಠ ಹೇಳುತ್ತಿದ್ದ ಆ ವರ್ಷಗಳಲ್ಲಿಯೇ ಮತಾಧಿಕಾರದ ಪ್ರಶ್ನೆ ಲಂಡನ್ನಿಗೂ ಮದ್ರಾಸಿಗೂ ನಡುವೆ ಓಡಾಡುತ್ತಿತ್ತು. ಸೌತ್‌ಬರೋ ಸಮಿತಿಯು ಭಾರತದ ಸಾಮಾಜಿಕ ಸ್ಥಿತಿಯನ್ನು ಕಾರಣವಾಗಿ ಹೇಳಿ ಸ್ತ್ರೀಯರಿಗೆ ಮತ ಕೊಡಲು ಇದು ಕಾಲವಲ್ಲವೆಂದಿತು. ಸರೋಜಿನಿ ನಾಯ್ಡು, ಅನಿಬೆಸೆಂಟ್, ಹೀರಾಬಾಯಿ ಟಾಟಾ ಮೊದಲಾದವರು ಲಂಡನ್ನಿನಲ್ಲಿ ವಾದಿಸಿದರು. ಕೊನೆಗೆ 1919ರ ಕಾಯಿದೆಯಡಿ ಒಂದು ದಾರಿ ತೆರೆಯಿತು: ಸ್ತ್ರೀಯರಿಗೆ ಮತ ಕೊಡಬೇಕೇ ಬೇಡವೇ ಎಂಬುದನ್ನು ಆಯಾ ಪ್ರಾಂತದ ಶಾಸನಸಭೆ ನಿರ್ಣಯದ ಮೂಲಕ ತೀರ್ಮಾನಿಸಬಹುದು.

1921: ದೊರೆತ ಹಕ್ಕು, ಉಳಿದ ಮಿತಿ

ಬ್ರಿಟಿಷ್ ಪ್ರಾಂತಗಳಲ್ಲಿ ಆ ನಿರ್ಣಯವನ್ನು ಮೊದಲು ಅಂಗೀಕರಿಸಿದ್ದು ಮದ್ರಾಸ್. 1921ರ ಏಪ್ರಿಲ್ 1ರಂದು ಅಲ್ಲಿನ ಶಾಸನಸಭೆಯು ಸ್ತ್ರೀ ಎಂಬ ಕಾರಣಕ್ಕೆ ಮತವನ್ನು ನಿರಾಕರಿಸುವ ನಿಯಮವನ್ನು ತೆಗೆದುಹಾಕಲು ಒಪ್ಪಿತು. ಅದೇ ವರ್ಷ ಬೊಂಬಾಯಿ ಪ್ರಾಂತವೂ ಅದನ್ನು ಅನುಸರಿಸಿತು. ಮೈಸೂರು ಸಂಸ್ಥಾನದಲ್ಲಿ 1923ರ ಪ್ರಜಾಪ್ರತಿನಿಧಿ ಸಭೆಯ ಕಾಯಿದೆಯೊಡನೆ ಸ್ತ್ರೀಯರಿಗೆ ಮತ ದೊರೆಯಿತು. ಹೀಗೆ ಮೂರು ಆಡಳಿತಗಳ ಕೆಳಗೆ ಹಂಚಿಹೋಗಿದ್ದ ಬಹುಪಾಲು ಕನ್ನಡಿಗರಲ್ಲಿ ಎರಡು ಮೂರು ವರ್ಷಗಳ ಅಂತರದೊಳಗೆ ಸ್ತ್ರೀಯರು ಮತದಾರರ ಪಟ್ಟಿಗೆ ಪ್ರವೇಶ ಪಡೆದರು.

ಈ ಜಯದ ಅಳತೆಯನ್ನು ಪ್ರಾಮಾಣಿಕವಾಗಿ ಹೇಳಬೇಕು. ಆ ಕಾಲದ ಮತಾಧಿಕಾರ ಆಸ್ತಿ, ಕಂದಾಯ, ತೆರಿಗೆಗಳನ್ನು ಅವಲಂಬಿಸಿತ್ತು. ಪುರುಷರಲ್ಲಿಯೂ ಬಹುಪಾಲು ಜನರಿಗೆ ಮತವಿರಲಿಲ್ಲ. ಹೆಣ್ಣಿನ ಹೆಸರಿನಲ್ಲಿ ಭೂಮಿ ಇರುವುದು ಅಪರೂಪವಾದ ಸಮಾಜದಲ್ಲಿ ಸ್ತ್ರೀಮತದಾರರ ಸಂಖ್ಯೆ ಬಹಳ ಕಡಿಮೆಯಿತ್ತು. ಸೇಲಂ ಜಿಲ್ಲೆಯ ಹೊಲದಲ್ಲಿ ಕಳೆ ಕೀಳುತ್ತಿದ್ದ ಕೂಲಿಯ ಹೆಂಗಸಿಗೆ 1921ರ ನಿರ್ಣಯದಿಂದ ಮತ ಬರಲಿಲ್ಲ. ಬಾಗಿಲಿಗೆ ಹಾಕಿದ್ದ ಎರಡು ಬೀಗಗಳಲ್ಲಿ ಒಂದನ್ನು ಮಾತ್ರ ಆ ನಿರ್ಣಯ ತೆಗೆಯಿತು. ಸ್ತ್ರೀ ಎಂಬ ಬೀಗ ಹೋಯಿತು, ಆಸ್ತಿ ಎಂಬ ಬೀಗ ಉಳಿಯಿತು.

ಮಂಗಳೂರಿನ ಅಭ್ಯರ್ಥಿ

ಮತ ಹಾಕುವ ಹಕ್ಕಿನೊಡನೆ ಸಭೆಯಲ್ಲಿ ಕೂರುವ ಹಕ್ಕು ಬಂದಿರಲಿಲ್ಲ. ಅದಕ್ಕೆ 1926ರವರೆಗೆ ಕಾಯಬೇಕಾಯಿತು. ಆ ವರ್ಷ ಮದ್ರಾಸ್ ಶಾಸನಸಭೆಯ ಚುನಾವಣೆಗೆ ಸ್ತ್ರೀಯರೂ ನಿಲ್ಲಬಹುದೆಂದಾದಾಗ ಮಾರ್ಗರೆಟ್ ಅವರು ಮಂಗಳೂರಿನ ಕಮಲಾದೇವಿ ಚಟ್ಟೋಪಾಧ್ಯಾಯರನ್ನು ನಿಲ್ಲುವಂತೆ ಪ್ರೇರೇಪಿಸಿದರು. 1903ರಲ್ಲಿ ಮಂಗಳೂರಿನಲ್ಲಿ ಹುಟ್ಟಿದ ಕಮಲಾದೇವಿಯವರಿಗೆ ಆಗ 23 ವಯಸ್ಸು. ಪ್ರಚಾರಕ್ಕೆ ದೊರೆತ ಸಮಯ ಅತ್ಯಲ್ಪ. ಆದರೂ ಅವರು ಅತಿ ಕಡಿಮೆ ಮತಗಳ ಅಂತರದಿಂದ ಸೋತರು. ಭಾರತದಲ್ಲಿ ಶಾಸನಸಭೆಗೆ ಸ್ಪರ್ಧಿಸಿದ ಮೊದಲ ಸ್ತ್ರೀಯರಲ್ಲಿ ಅವರೊಬ್ಬರು. ಮರುವರ್ಷ ಡಾಕ್ಟರ್ ಮುತ್ತುಲಕ್ಷ್ಮಿ ರೆಡ್ಡಿಯವರು ನಾಮಕರಣದ ಮೂಲಕ ಅದೇ ಸಭೆಯನ್ನು ಪ್ರವೇಶಿಸಿ ಅದರ ಉಪಾಧ್ಯಕ್ಷರಾದರು.

1926ರಲ್ಲಿಯೇ ಮಾರ್ಗರೆಟ್ ಅವರು ದೇಶದ ಹಲವೆಡೆಯ ಸ್ತ್ರೀಯರಿಗೆ ಪತ್ರ ಬರೆದು, ಹೆಣ್ಣುಮಕ್ಕಳ ವಿದ್ಯಾಭ್ಯಾಸ ಹೇಗಿರಬೇಕೆಂದು ಅವರೇ ಕೂಡಿ ಹೇಳಬೇಕೆಂದು ಕೋರಿದರು. ಅದರ ಫಲವಾಗಿ 1927ರ ಜನವರಿಯಲ್ಲಿ ಪುಣೆಯಲ್ಲಿ ಅಖಿಲ ಭಾರತ ಮಹಿಳಾ ಸಮ್ಮೇಳನ ಸೇರಿತು. ಮತದಿಂದ ಮತ್ತೆ ಶಾಲೆಗೆ ಬಂದ ಹೆಜ್ಜೆ ಇದು. ಬಾಲ್ಯವಿವಾಹದಿಂದ ಓದು ನಿಲ್ಲುವುದನ್ನು ಕಂಡ ಆ ಸಮ್ಮೇಳನ ಕಾಯಿದೆಯ ಸುಧಾರಣೆಯನ್ನೂ ಕೈಗೆತ್ತಿಕೊಂಡಿತು. ಶಾಲೆ, ಕಾಯಿದೆ, ಮತ ಎಂಬ ಮೂರು ಎಳೆಗಳು ಅಲ್ಲಿ ಒಂದೇ ಹಗ್ಗವಾದವು.

ಸೆರೆಮನೆ ಮತ್ತು ಹಿಂದಿನ ಸಾಲು

ಮಾರ್ಗರೆಟ್ ಅವರು 1922ರಲ್ಲಿ ಮದ್ರಾಸಿನ ಬಳಿಯ ಸೈದಾಪೇಟೆಯಲ್ಲಿ ಗೌರವ ಮ್ಯಾಜಿಸ್ಟ್ರೇಟರಾಗಿ ನೇಮಕಗೊಂಡಿದ್ದರು. ಭಾರತದಲ್ಲಿ ಆ ಪದವಿಯನ್ನು ಪಡೆದ ಮೊದಲ ಸ್ತ್ರೀ ಅವರು. ಹತ್ತು ವರ್ಷಗಳ ಬಳಿಕ, 1932ರಲ್ಲಿ, ಸರ್ಕಾರದ ತುರ್ತು ಆಜ್ಞೆಗಳ ವಿರುದ್ಧ ಸಾರ್ವಜನಿಕವಾಗಿ ಮಾತನಾಡಿದ್ದಕ್ಕಾಗಿ ಅವರೇ ಕೈದಿಯಾಗಿ ವೆಲ್ಲೂರಿನ ಸೆರೆಮನೆ ಸೇರಿದರು. ನ್ಯಾಯಪೀಠದಲ್ಲಿ ಕುಳಿತವರು ಕಟಕಟೆಯಲ್ಲಿ ನಿಂತ ಈ ಸಂಗತಿ ಅವರ ಜೀವನದ ದಿಕ್ಕನ್ನು ತೋರಿಸುತ್ತದೆ.

1936ರಲ್ಲಿ ಅವರು ಮಹಿಳಾ ಸಮ್ಮೇಳನದ ಅಧ್ಯಕ್ಷರಾದರು. ಆದರೆ ಭಾರತದ ಸ್ತ್ರೀಯರೇ ಮುಂದಾಳುಗಳಾಗಿ ಬೆಳೆದ ಕಾಲದಲ್ಲಿ ತಾವು ಮುಂಚೂಣಿಯಲ್ಲಿ ಇರುವುದು ಅಗತ್ಯವಿಲ್ಲವೆಂಬುದನ್ನು ಅವರು ಅರಿತಿದ್ದರು. ಹಾಗೆಯೇ ಹಿಂದೆ ಸರಿದರು. ಕಲಿತವರು ತಾವೇ ನಡೆಯುವಂತಾದಾಗ ಕಲಿಸಿದವರು ಪಕ್ಕಕ್ಕೆ ನಿಲ್ಲುವುದು ಒಳ್ಳೆಯ ಶಿಕ್ಷಕರ ಲಕ್ಷಣ. 1940ರ ದಶಕದಲ್ಲಿ ಪಾರ್ಶ್ವವಾಯುವಿಗೆ ತುತ್ತಾದ ಅವರು 1954ರ ಮಾರ್ಚ್ 11ರಂದು ನಿಧನರಾದರು. ಅದಕ್ಕೆ ಎರಡು ವರ್ಷ ಮೊದಲು ಸ್ವತಂತ್ರ ಭಾರತದ ಮೊದಲ ಮಹಾಚುನಾವಣೆ ಮುಗಿದಿತ್ತು.

ಅಕ್ಷರದ ಷರತ್ತು: ಪೆರು ದೇಶದ ಒಂದು ಹೋಲಿಕೆ

ಮಾರ್ಗರೆಟ್ ಹುಟ್ಟಿದ 1878ರಲ್ಲಿಯೇ ದಕ್ಷಿಣ ಅಮೆರಿಕದ ಪೆರು ದೇಶದಲ್ಲಿ ಮರಿಯಾ ಹೆಸುಸ್ ಅಲ್ವರಾದೋ ಜನಿಸಿದರು. ಅವರೂ ಶಿಕ್ಷಕಿ. 1914ರಲ್ಲಿ ಸ್ತ್ರೀಯರ ಪ್ರಗತಿಗಾಗಿ ಒಂದು ಸಂಘವನ್ನು ಸ್ಥಾಪಿಸಿದರು; ಬಡ ಹುಡುಗಿಯರಿಗಾಗಿ ಕಸುಬು ಕಲಿಸುವ ಶಾಲೆಯನ್ನು ನಡೆಸಿದರು; ಸ್ತ್ರೀಯರ ಮತವನ್ನು ಕೇಳಿದರು. 1924ರಲ್ಲಿ ಅಲ್ಲಿನ ಸರ್ಕಾರ ಅವರನ್ನು ಬಂಧಿಸಿತು. ಬಳಿಕ ಅವರು ಹಲವು ವರ್ಷ ಅರ್ಜೆಂಟೀನಾದಲ್ಲಿ ದೇಶಭ್ರಷ್ಟರಾಗಿ ಬದುಕಿದರು. ಪೆರುವಿನ ಸ್ತ್ರೀಯರಿಗೆ ಮತ ದೊರೆತದ್ದು 1955ರಲ್ಲಿ.

ಆದರೆ ಅದು ಓದುಬರಹ ಬಲ್ಲವರಿಗೆ ಮಾತ್ರ. ಶಾಲೆಯ ಭಾಷೆ, ಆಡಳಿತದ ಭಾಷೆ ಸ್ಪ್ಯಾನಿಷ್. ಬೆಟ್ಟಗಾಡಿನ ಊರುಗಳಲ್ಲಿ ಜನರಾಡುವ ಭಾಷೆ ಕೆಚುವಾ ಅಥವಾ ಐಮಾರಾ. ತನ್ನ ಮಾತಿನಲ್ಲಿ ಕಲಿಸುವ ಶಾಲೆ ದೊರೆಯದೆ ಅಕ್ಷರ ಕಲಿಯಲಾಗದ ಹೆಂಗಸು, ಅಕ್ಷರ ಬಾರದೆಂಬ ಕಾರಣಕ್ಕೆ ಮತವನ್ನೂ ಕಳೆದುಕೊಂಡಳು. 1979ರ ಸಂವಿಧಾನ ಆ ಷರತ್ತನ್ನು ತೆಗೆದ ಮೇಲೆಯೇ ಅಂಥವರು ಮತದಾರರಾದರು.

ಭಾರತವೂ ಅದೇ ಹಾದಿಯಲ್ಲಿ ಸ್ವಲ್ಪ ದೂರ ನಡೆದಿತ್ತು. 1935ರ ಕಾಯಿದೆ ಸ್ತ್ರೀಮತದಾರರ ಸಂಖ್ಯೆಯನ್ನು ಹೆಚ್ಚಿಸಿತಾದರೂ, ಆಸ್ತಿವಂತನ ಹೆಂಡತಿಯಾಗಿರುವುದು, ಓದುಬರಹ ಬಲ್ಲವಳಾಗಿರುವುದು ಮೊದಲಾದ ಅರ್ಹತೆಗಳನ್ನು ಇಟ್ಟಿತು. ಸ್ತ್ರೀಯರ ಪ್ರಮುಖ ಸಂಘಗಳು ಇಂಥ ವಿಶೇಷ ಅರ್ಹತೆಗಳನ್ನು ಒಪ್ಪದೆ, ವಯಸ್ಸಿಗೆ ಬಂದ ಎಲ್ಲರಿಗೂ ಮತ ಬೇಕೆಂದು ಕೇಳಿದ್ದವು. 1950ರ ಸಂವಿಧಾನದ 326ನೆಯ ವಿಧಿ ಆ ಬೇಡಿಕೆಯನ್ನು ಪೂರ್ಣವಾಗಿ ಎತ್ತಿಹಿಡಿಯಿತು. ಆಸ್ತಿ, ಅಕ್ಷರ, ಲಿಂಗ, ಜಾತಿ ಯಾವುದೂ ಅಡ್ಡಿಯಲ್ಲ. ಅಂದು 21 ವರ್ಷ, 1989ರಿಂದ 18 ವರ್ಷ ತುಂಬಿದ ಪ್ರತಿಯೊಬ್ಬ ನಾಗರಿಕರಿಗೂ ಒಂದೇ ತೂಕದ ಒಂದು ಮತ. ಓದು ಬಾರದವರಿಗಾಗಿ ಪಕ್ಷಗಳಿಗೆ ಚಿಹ್ನೆಗಳನ್ನು ಕೊಡಲಾಯಿತು.

ಹೆಸರಿಲ್ಲದ ಮತದಾರರು

ಕಾಯಿದೆ ಬದಲಾದ ಮಾತ್ರಕ್ಕೆ ಎಲ್ಲವೂ ಮುಗಿಯಲಿಲ್ಲ. 1951-52ರ ಮೊದಲ ಮಹಾಚುನಾವಣೆಗಾಗಿ ಪಟ್ಟಿ ಸಿದ್ಧಪಡಿಸುವಾಗ, ಮುಖ್ಯವಾಗಿ ಉತ್ತರ ಮತ್ತು ಮಧ್ಯ ಭಾರತದ ರಾಜ್ಯಗಳಲ್ಲಿ, ಬಹುಮಂದಿ ಸ್ತ್ರೀಯರು ತಮ್ಮ ಹೆಸರನ್ನು ಹೇಳಲಿಲ್ಲ. ಇಂಥವನ ಹೆಂಡತಿ, ಇಂಥವನ ತಾಯಿ ಎಂದಷ್ಟೇ ಬರೆಸಿದರು. ಮುಖ್ಯ ಚುನಾವಣಾ ಆಯುಕ್ತ ಸುಕುಮಾರ ಸೇನ್ ಅವರು ಪ್ರತಿಯೊಬ್ಬ ಮತದಾರರಿಗೂ ಸ್ವಂತ ಹೆಸರಿರಲೇಬೇಕೆಂದು ನಿರ್ಧರಿಸಿದರು. ಸುಮಾರು 8 ಕೋಟಿ ಸ್ತ್ರೀಮತದಾರರಲ್ಲಿ ಸುಮಾರು 28 ಲಕ್ಷ ಮಂದಿ ಸರಿಯಾದ ಹೆಸರು ಕೊಡದ ಕಾರಣ ಪಟ್ಟಿಯಿಂದ ಹೊರಗುಳಿದರು. ಮುಂದಿನ ಚುನಾವಣೆಯ ಹೊತ್ತಿಗೆ ಆ ಕೊರತೆ ಬಹುಮಟ್ಟಿಗೆ ನೀಗಿತು.

ಹಕ್ಕು ಕೈಗೆ ಬಂದಾಗಲೂ ಅದನ್ನು ಹಿಡಿಯಲು ಒಂದು ಹೆಸರು ಬೇಕು. ಆ ಹೆಸರನ್ನು ತನ್ನದೆಂದು ಹೇಳುವ ಧೈರ್ಯ ಬೇಕು. ಹೆಣ್ಣುಮಗಳ ಹೆಸರನ್ನು ದಿನವೂ ಗಟ್ಟಿಯಾಗಿ ಕೂಗಿ, ಅವಳಿಂದ "ಬಂದಿದ್ದೇನೆ" ಎನ್ನಿಸುವ ಸ್ಥಳ ಶಾಲೆ. ಹಾಜರಿ ಪುಸ್ತಕವೇ ಅವಳ ಮೊದಲ ಮತದಾರರ ಪಟ್ಟಿ.

ತಾಯ್ನುಡಿಯ ಶಾಲೆ ಮತ್ತು ನಾಗರಿಕತೆ

ಕಸಿನ್ಸ್ ದಂಪತಿಗಳ ಕಥೆಯಲ್ಲಿ ಕನ್ನಡ ಶಿಕ್ಷಕರಿಗೆ ಪ್ರಿಯವಾದ ಇನ್ನೊಂದು ಸಂಗತಿಯಿದೆ. 1924ರಲ್ಲಿ ಜೇಮ್ಸ್ ಕಸಿನ್ಸ್ ಅವರು ಮೈಸೂರಿಗೆ ಬಂದಿದ್ದಾಗ ಒಬ್ಬ ತರುಣ ವಿದ್ಯಾರ್ಥಿ ತನ್ನ ಇಂಗ್ಲಿಷ್ ಕವಿತೆಗಳನ್ನು ಅವರಿಗೆ ತೋರಿಸಿದನು. ತಾಯ್ನುಡಿಯಲ್ಲಿ ಬರೆಯಬೇಕೆಂದು ಅವರು ಆ ತರುಣನಿಗೆ ಸಲಹೆ ಕೊಟ್ಟರು. ಆ ತರುಣನೇ ಮುಂದೆ ಕುವೆಂಪು ಎಂದು ಹೆಸರಾದ ಕೆ.ವಿ. ಪುಟ್ಟಪ್ಪನವರು. ಮತದ ವಿಷಯದಲ್ಲಿ ಹೆಂಡತಿ ಹೇಳಿದ್ದಕ್ಕೂ ಮಾತಿನ ವಿಷಯದಲ್ಲಿ ಗಂಡ ಹೇಳಿದ್ದಕ್ಕೂ ಬೇರು ಒಂದೇ: ಮನುಷ್ಯರು ತಮ್ಮ ಮಾತನ್ನು ತಾವೇ ಆಡಬೇಕು.

ಸಂವಿಧಾನದ 350ಎ ವಿಧಿಯು ಭಾಷಾ ಅಲ್ಪಸಂಖ್ಯಾತರ ಮಕ್ಕಳಿಗೆ ಪ್ರಾಥಮಿಕ ಹಂತದಲ್ಲಿ ಮಾತೃಭಾಷೆಯ ಮೂಲಕ ಶಿಕ್ಷಣ ದೊರೆಯಲು ಸೌಲಭ್ಯ ಕಲ್ಪಿಸಬೇಕೆಂದು ರಾಜ್ಯಗಳಿಗೆ ಹೇಳುತ್ತದೆ. ಪೆರುವಿನ ಅನುಭವವನ್ನು ನೆನೆದರೆ ಈ ವಿಧಿಯ ಬೆಲೆ ತಿಳಿಯುತ್ತದೆ. ಮನೆಯ ಮಾತಿನಲ್ಲಿ ಅಕ್ಷರ ಹಿಡಿದ ಮಗು ರಾಜ್ಯದ ಭಾಷೆಯಾದ ತಮಿಳನ್ನೂ ಇಂಗ್ಲಿಷನ್ನೂ ಭಯವಿಲ್ಲದೆ ಕಲಿಯಬಲ್ಲದು. ಮೆಟ್ಟೂರಿನ ಕನ್ನಡ ಮನೆಯ ಹುಡುಗಿ ನಾಳೆ ತಮಿಳಿನಲ್ಲಿ ಅಚ್ಚಾದ ಮತದಾರರ ಪಟ್ಟಿಯಲ್ಲಿ ತನ್ನ ಹೆಸರನ್ನು ತಾನೇ ಹುಡುಕಬೇಕು. ತಪ್ಪಿದ್ದರೆ ತಿದ್ದಿಸಲು ಅರ್ಜಿ ಬರೆಯಬೇಕು. ಊರಸಭೆಯಲ್ಲಿ ಎದ್ದು ನಿಂತು ನೀರಿನ ವಿಷಯವನ್ನೋ ಬಸ್ಸಿನ ವಿಷಯವನ್ನೋ ಕೇಳಬೇಕು. ಈ ಮೂರೂ ಕೆಲಸಗಳ ಅಭ್ಯಾಸ ಇಂದಿನ ಕನ್ನಡ ತರಗತಿಯಲ್ಲಿಯೇ ಆರಂಭವಾಗಬೇಕು.

ತರಗತಿಯ ಚಟುವಟಿಕೆಗಳು

1. ಅಣೆಕಟ್ಟಿನ ಕಾಲರೇಖೆ: ಇಸವಿಗಳನ್ನು ಬರಿದೇ ಬಾಯಿಪಾಠ ಮಾಡಿಸುವ ಬದಲು ಮಕ್ಕಳು ಬಲ್ಲ ಮೆಟ್ಟೂರು ಅಣೆಕಟ್ಟಿನೊಡನೆ ಜೋಡಿಸಬಹುದು. ಅಣೆಕಟ್ಟಿನ ಕೆಲಸ ಆರಂಭವಾದದ್ದು 1925ರಲ್ಲಿ. ಮರುವರ್ಷ ಮದ್ರಾಸ್ ಪ್ರಾಂತದ ಸ್ತ್ರೀಯರು ಶಾಸನಸಭೆಗೆ ಸ್ಪರ್ಧಿಸಲು ಅವಕಾಶ ಪಡೆದರು. ಅಣೆಕಟ್ಟು ಪೂರ್ಣಗೊಂಡದ್ದು 1934ರಲ್ಲಿ; ಮರುವರ್ಷ 1935ರ ಕಾಯಿದೆ ಬಂದಿತು. ನೀರಿನಲ್ಲಿ ಮುಳುಗಿದ ಊರುಗಳ ಕಥೆಯನ್ನು ಮನೆಯ ಹಿರಿಯರಿಂದ ಕೇಳಿ ಬರುವ ಮಕ್ಕಳು, ಆ ಊರುಗಳನ್ನು ಬಿಟ್ಟು ಬಂದ ಹೆಂಗಸರಲ್ಲಿ ಎಷ್ಟು ಮಂದಿಗೆ ಆಗ ಮತವಿದ್ದಿರಬಹುದು, ಏಕೆ, ಎಂದು ಚರ್ಚಿಸಲಿ.

2. ಹೆಸರಿನ ಪಾಠ: ಪ್ರತಿ ವಿದ್ಯಾರ್ಥಿಯೂ ತನ್ನ ತಾಯಿ, ಅಜ್ಜಿ, ಮುತ್ತಜ್ಜಿಯರ ಹೆಸರುಗಳನ್ನು ಕೇಳಿಕೊಂಡು ಬಂದು ಕನ್ನಡದಲ್ಲಿಯೂ ತಮಿಳಿನಲ್ಲಿಯೂ ಬರೆಯಲಿ. ಮುತ್ತಜ್ಜಿಯ ಹೆಸರು ಸಿಗದಿದ್ದರೆ ಏಕೆ ಸಿಗಲಿಲ್ಲ ಎಂಬುದನ್ನು ಎರಡು ವಾಕ್ಯಗಳಲ್ಲಿ ಬರೆಯಲಿ. ಗುರುತಿನ ಚೀಟಿಯ ಸಂಖ್ಯೆ, ವಿಳಾಸ ಮುಂತಾದವನ್ನು ತರಿಸಬಾರದು, ಹೆಸರು ಸಾಕು.

3. ಮನವಿಪತ್ರ: ಶಾಲೆಗೆ ಅಥವಾ ಊರಿಗೆ ಬೇಕಾದ ಒಂದು ಸೌಕರ್ಯವನ್ನು ಕುರಿತು ಐದು ವಾಕ್ಯಗಳ ಮನವಿಯನ್ನು ಗುಂಪಿನಲ್ಲಿ ಬರೆಸಬೇಕು. ಬಳಿಕ ಶಿಕ್ಷಕರು "ಈ ವಿಷಯ ನಮ್ಮ ವ್ಯಾಪ್ತಿಗೆ ಬರುವುದಿಲ್ಲ" ಎಂದು ಉತ್ತರ ಕೊಟ್ಟಂತೆ ನಟಿಸಲಿ. 1917ರಲ್ಲಿ ಮಾರ್ಗರೆಟ್ ಅವರು ಮಾಡಿದಂತೆ ಮನವಿಯನ್ನು ಹೇಗೆ ತಿರುಗಿ ಬರೆಯುವಿರೆಂದು ಗುಂಪುಗಳು ತೋರಿಸಲಿ.

4. ಅಣಕು ಮತದಾನ: ಮೊದಲ ಸುತ್ತಿನಲ್ಲಿ ಹೊಸ ಪೆನ್ಸಿಲ್ ಇರುವವರಿಗೆ ಮಾತ್ರ ಮತ, ಎರಡನೆಯ ಸುತ್ತಿನಲ್ಲಿ ಹಲಗೆಯ ಮೇಲಿನ ಕಠಿಣ ವಾಕ್ಯವನ್ನು ಓದಬಲ್ಲವರಿಗೆ ಮಾತ್ರ ಮತ, ಮೂರನೆಯ ಸುತ್ತಿನಲ್ಲಿ ಎಲ್ಲರಿಗೂ ಮತ. ಮೂರೂ ಸುತ್ತಿನ ಫಲಿತಾಂಶಗಳನ್ನು ಹೋಲಿಸಬೇಕು. ಓದಲು ಎಡವುವ ಮಗು ಎರಡನೆಯ ಸುತ್ತಿನಲ್ಲಿ ನೊಂದುಕೊಳ್ಳದಂತೆ, ಆ ವಾಕ್ಯವನ್ನು ಯಾರಿಗೂ ತಿಳಿಯದ ಲಿಪಿಯಲ್ಲಿ ಬರೆಯುವುದು ಒಳ್ಳೆಯದು. ಆಗ ಇಡೀ ತರಗತಿಯೇ ಹೊರಗುಳಿದ ಅನುಭವ ಎಲ್ಲರಿಗೂ ಆಗುತ್ತದೆ.

ಅಭ್ಯಾಸದ ಪ್ರಶ್ನೆಗಳು

1. 1917ರಲ್ಲಿ ಶಿಕ್ಷಣದ ಮನವಿ ಮತಾಧಿಕಾರದ ಮನವಿಯಾದುದು ಹೇಗೆ?
2. 1921ರ ನಿರ್ಣಯದಿಂದ ಯಾವ ಸ್ತ್ರೀಯರಿಗೆ ಮತ ದೊರೆಯಿತು? ಯಾರಿಗೆ ದೊರೆಯಲಿಲ್ಲ?
3. ಮಾರ್ಗರೆಟ್ ಕಸಿನ್ಸ್ ಮತ್ತು ಮರಿಯಾ ಹೆಸುಸ್ ಅಲ್ವರಾದೋ ಅವರ ಜೀವನಗಳಲ್ಲಿ ಕಾಣುವ ಸಾಮ್ಯಗಳನ್ನು ಬರೆಯಿರಿ.
4. ಓದುಬರಹ ಬಲ್ಲವರಿಗೆ ಮಾತ್ರ ಮತ ಎಂಬ ನಿಯಮ ಅಲ್ಪಸಂಖ್ಯಾತ ಭಾಷೆಯ ಜನರಿಗೆ ಏಕೆ ಅನ್ಯಾಯವಾಗುತ್ತದೆ?
5. ಮತದಾರರ ಪಟ್ಟಿಯಲ್ಲಿ ಸ್ವಂತ ಹೆಸರು ಇರಬೇಕೆಂಬ ನಿರ್ಧಾರ ಸರಿಯೇ? 28 ಲಕ್ಷ ಸ್ತ್ರೀಯರು ಒಮ್ಮೆ ಮತ ಕಳೆದುಕೊಂಡುದನ್ನೂ ಗಮನದಲ್ಲಿಟ್ಟು ನಿಮ್ಮ ಅಭಿಪ್ರಾಯವನ್ನು ಬರೆಯಿರಿ.

ಪದಪರಿಚಯ

ಮತಾಧಿಕಾರ: ಮತ ಹಾಕುವ ಹಕ್ಕು.
ನಿಯೋಗ: ಒಂದು ಸಮುದಾಯದ ಪರವಾಗಿ ಅಧಿಕಾರಸ್ಥರನ್ನು ಕಂಡು ಮಾತನಾಡಲು ಹೋಗುವ ಗುಂಪು.
ಪ್ರಾಂತ: ಬ್ರಿಟಿಷ್ ಆಳ್ವಿಕೆಯಲ್ಲಿ ಗವರ್ನರರ ಅಧೀನದಲ್ಲಿದ್ದ ಆಡಳಿತ ಪ್ರದೇಶ.
ನಾಮಕರಣ: ಇಲ್ಲಿ, ಚುನಾವಣೆಯಿಲ್ಲದೆ ಸರ್ಕಾರವೇ ಸದಸ್ಯರನ್ನು ನೇಮಿಸುವುದು.

ಮುಂದಿನ ಚುನಾವಣೆಯ ದಿನ ಶಾಲೆಯ ಕೊಠಡಿಯಲ್ಲಿ ಪಟ್ಟಿ ಹಿಡಿದು ಕುಳಿತ ಶಿಕ್ಷಕರ ಮುಂದೆ ಅವರ ಹಳೆಯ ವಿದ್ಯಾರ್ಥಿನಿಯೊಬ್ಬಳು ಬಂದು ನಿಲ್ಲಬಹುದು. ಯಾರೂ ಕೇಳುವ ಮೊದಲೇ ಅವಳು ತನ್ನ ಹೆಸರನ್ನು ಸ್ಪಷ್ಟವಾಗಿ ಹೇಳಿ ಸಹಿ ಹಾಕಿದರೆ, ಈ ಪಾಠ ಮುಟ್ಟಬೇಕಾದಲ್ಲಿ ಮುಟ್ಟಿದೆ.